ತೆಂಗಿನಕಾಯಿಯೊಳಗೆ ಉಳಿದ ಅಣುಸ್ಫೋಟ

ಮಾನ್ಯರೇ,

ಅಣ್ವಸ್ತ್ರ ಪರೀಕ್ಷೆಗಳ ಚರ್ಚೆ ಬಹುತೇಕ ರಾಷ್ಟ್ರಗಳ ಬಲಾಬಲದ ಲೆಕ್ಕಾಚಾರದಲ್ಲೇ ಮುಗಿದುಹೋಗುತ್ತದೆ. ಆ ಸ್ಫೋಟಗಳ ಬೂದಿ ಯಾರ ಅಂಗಳಕ್ಕೆ ಬಿತ್ತು, ಅವರಿಗೆ ಸಲ್ಲಬೇಕಾದದ್ದು ಸಂದಿದೆಯೇ ಎಂದು ಕೇಳುವವರು ಕಡಿಮೆ.

ಪೆಸಿಫಿಕ್ ಸಾಗರದ ಮಾರ್ಷಲ್ ದ್ವೀಪಗಳಲ್ಲಿ ಅಮೆರಿಕ 1946ರಿಂದ 1958ರವರೆಗೆ 67 ಪರೀಕ್ಷೆಗಳನ್ನು ನಡೆಸಿತು. 1954ರ ಮಾರ್ಚ್ 1ರಂದು ಅಲ್ಲಿನ ಬಿಕಿನಿ ಹವಳದ್ವೀಪದಲ್ಲಿ ಸಿಡಿಸಿದ ಬಾಂಬಿನ ಶಕ್ತಿ 15 ಮೆಗಾಟನ್, ಅಂದರೆ ಅದನ್ನು ರೂಪಿಸಿದವರ ಅಂದಾಜಿನ ಎರಡೂವರೆ ಪಟ್ಟು. ಕೆಲವೇ ಗಂಟೆಗಳಲ್ಲಿ ನೆರೆಯ ರೊಂಗೆಲಾಪ್ ದ್ವೀಪದ ಜನರ ಮೇಲೆ ಬಿಳಿ ಪುಡಿ ಉದುರತೊಡಗಿತು. ಅದು ಸುಟ್ಟ ಹವಳದ ವಿಕಿರಣಭರಿತ ಬೂದಿಯೆಂದು ತಿಳಿಯದ ಮಕ್ಕಳು ಅದರಲ್ಲೇ ಆಡಿದರು. ಜನರನ್ನು ಅಲ್ಲಿಂದ ಸಾಗಿಸುವಷ್ಟರಲ್ಲಿ ಎರಡು ದಿನ ಕಳೆದಿತ್ತು. ಚರ್ಮ ಸುಟ್ಟಿತು, ಕೂದಲು ಉದುರಿತು, ವರ್ಷಗಳ ನಂತರ ಆ ಮಕ್ಕಳಲ್ಲಿ ಹೆಚ್ಚಿನವರಿಗೆ ಥೈರಾಯ್ಡ್ ಗಂಟುಗಳು ಕಾಣಿಸಿಕೊಂಡವು.

ಬಿಕಿನಿಯವರ ಕಥೆ ಇನ್ನೂ ನೋವಿನದು. ಪರೀಕ್ಷೆಗಳಿಗಾಗಿ ಊರು ಬಿಡಬೇಕಾಗಿ ಬಂದು, ಈಗ ಸುರಕ್ಷಿತವೆಂಬ ಮಾತು ನಂಬಿ 1970ರ ದಶಕದಲ್ಲಿ ಮರಳಿದ್ದ ಕುಟುಂಬಗಳನ್ನು 1978ರಲ್ಲಿ ಮತ್ತೆ ಒಕ್ಕಲೆಬ್ಬಿಸಲಾಯಿತು. ಸ್ಫೋಟಗಳಿಂದ ಮಣ್ಣಿನಲ್ಲಿ ಉಳಿದ ವಿಕಿರಣಶೀಲ ಸೀಸಿಯಂ-137 ಅನ್ನು ತೆಂಗಿನಮರದ ಬೇರು ಪೊಟ್ಯಾಸಿಯಂ ಎಂಬಂತೆಯೇ ಹೀರಿಕೊಳ್ಳುತ್ತದೆ. ಎಳನೀರು ಕುಡಿದು ಕಾಯಿ ತಿಂದವರ ಮೈಯಲ್ಲಿ ಅದು ಸೇರುತ್ತಾ ಹೋಗಿತ್ತು. ಊರಿಗೆ ಮರಳಿದವರು ತಮ್ಮ ಮರದ ಕಾಯಿಯನ್ನೇ ಮುಟ್ಟಬಾರದೆಂದರೆ ಅದು ಮರಳಿದಂತಾದೀತೇ?

ಅಮೆರಿಕ ಮತ್ತು ಮಾರ್ಷಲ್ ದ್ವೀಪಗಳ ನಡುವೆ 1986ರಲ್ಲಿ ಜಾರಿಗೆ ಬಂದ ಒಪ್ಪಂದ 15 ಕೋಟಿ ಡಾಲರ್ ನಿಧಿ ಕೊಟ್ಟು ಎಲ್ಲ ಹಕ್ಕೊತ್ತಾಯಗಳೂ ಇತ್ಯರ್ಥವಾದವೆಂದು ಸಾರಿತು. ಆದರೆ ಅದೇ ಒಪ್ಪಂದದ ಮೇರೆಗೆ ರಚನೆಯಾದ ನ್ಯಾಯಮಂಡಳಿ 200 ಕೋಟಿ ಡಾಲರಿಗೂ ಹೆಚ್ಚಿನ ಪರಿಹಾರ ವಿಧಿಸಿತು. ನಿಧಿ ಬರಿದಾಗಿ ಬಹುಪಾಲು ಬಾಕಿಯೇ ಉಳಿಯಿತು. ಇತ್ತ ಮಾರ್ಷಲ್ ದ್ವೀಪಗಳಲ್ಲೇ ಒಂದಾದ ರುನಿಟ್‌ನಲ್ಲಿ ಬಾಂಬು ಕೊರೆದ ಕುಳಿಗೇ ವಿಕಿರಣಶೀಲ ಮಣ್ಣು ತುಂಬಿ ಮೇಲೆ ಕಾಂಕ್ರೀಟ್ ಮುಚ್ಚಳ ಹಾಕಿದ್ದಾರೆ, ತಳಕ್ಕೆ ಏನನ್ನೂ ಹಾಸಿಲ್ಲ. ಅದರೊಳಗಿನ ಪ್ಲುಟೋನಿಯಂ-239 ಅರ್ಧದಷ್ಟು ಕ್ಷಯಿಸಲು ಸುಮಾರು 24,000 ವರ್ಷ ಬೇಕು. ಇಂಥ ವಸ್ತುವಿನ ಹೊಣೆಯನ್ನು ಒಂದು ಸಹಿಯಿಂದ ಕಳಚಿಕೊಳ್ಳುವುದು ಅನ್ಯಾಯ.

ಸೋವಿಯತ್ ಒಕ್ಕೂಟದ 456 ಪರೀಕ್ಷೆಗಳನ್ನು ಕಂಡ ಕಜಾಕಸ್ತಾನದ ಸೆಮಿಪಲಾಟಿನ್ಸ್ಕ್ ಸುತ್ತಲಿನವರ ಪಾಡೂ ಬೇರೆಯಲ್ಲ. 2017ರ ಅಣ್ವಸ್ತ್ರ ನಿಷೇಧ ಒಪ್ಪಂದ ಸಂತ್ರಸ್ತರ ನೆರವನ್ನೂ ನೆಲದ ಶುದ್ಧೀಕರಣವನ್ನೂ ಕರ್ತವ್ಯವಾಗಿಸಿದೆ, ಆದರೆ ಪರೀಕ್ಷೆ ನಡೆಸಿದ ಒಂದು ರಾಷ್ಟ್ರವೂ ಅದಕ್ಕೆ ಸಹಿ ಹಾಕಿಲ್ಲ. ಸಹಿ ಹಾಕದಿದ್ದರೂ ಆ ರಾಷ್ಟ್ರಗಳು ಪರೀಕ್ಷೆಗಳ ಆರೋಗ್ಯ ದಾಖಲೆಗಳನ್ನು ಸಂತ್ರಸ್ತರ ಕೈಗೊಪ್ಪಿಸಿ, ಅವರ ಚಿಕಿತ್ಸೆಯ ವೆಚ್ಚವನ್ನು ಅವಧಿಯ ಮಿತಿಯಿಲ್ಲದೆ ಭರಿಸಬೇಕು.

– ಓರ್ವ ಓದುಗ