ಅಂಟಿಸಿದ ಉಗುರು ಕೀಳಬೇಡಿ

ಮಾನ್ಯರೇ,

ಹಾಸನದ ಬ್ಯೂಟಿ ಪಾರ್ಲರ್‌ಗಳಲ್ಲಿ ಮದುವೆಗೆಂದು ಅಕ್ರಿಲಿಕ್ ಉಗುರು ಹಾಕಿಸಿಕೊಳ್ಳುವವರು ಗಮನಿಸಬೇಕು: ಉಗುರು ಹಾಳಾಗುವುದು ಹೆಚ್ಚಾಗಿ ತೆಗೆಯುವಾಗ. ಕಿತ್ತರೆ ಸ್ವಂತ ಉಗುರಿನ ಮೇಲ್ಪದರವೂ ಸಿಪ್ಪೆಯಂತೆ ಎದ್ದು ಬಿಳಿ ಮಚ್ಚೆ ಉಳಿಯುತ್ತದೆ. ಮೇಲಿನ ಹೊಳಪನ್ನು ಹಗುರಾಗಿ ಉಜ್ಜಿ, ಅಸಿಟೋನ್‌ನಲ್ಲಿ (ಉಗುರಿನ ಬಣ್ಣ ಕರಗಿಸುವ ದ್ರವ) ಅದ್ದಿದ ಹತ್ತಿಯಿಟ್ಟು, ಫಾಯಿಲ್ ಸುತ್ತಿ 15–20 ನಿಮಿಷ ಬಿಡಬೇಕು. ಮೆತ್ತಗಾಗದಿದ್ದರೆ ಮತ್ತೆ ಅದನ್ನೇ ಮಾಡಬೇಕು, ಕೆರೆಯಬಾರದು. ಅಸಿಟೋನ್‌ಗೆ ಬೇಗ ಬೆಂಕಿ ಹತ್ತುತ್ತದೆ; ಒಲೆ, ದೀಪ ದೂರವಿರಲಿ. ಆಮೇಲೆ ಹಚ್ಚಲು ಕೊಬ್ಬರಿ ಎಣ್ಣೆ ಸಾಕು, ದುಬಾರಿ ಸೀರಮ್ ಬೇಕಿಲ್ಲ.

ಅಂಚು ಎದ್ದ ಸಂದಿಯಲ್ಲಿ ನೀರು ನಿಂತರೆ ಬ್ಯಾಕ್ಟೀರಿಯಾ ಬೆಳೆದು ಉಗುರು ಹಸಿರಾಗಬಹುದು. ಅದನ್ನು ಬಣ್ಣ ಬಳಿದು ಮುಚ್ಚದೆ, ತೆಗೆಸಿ ಚರ್ಮವೈದ್ಯರಿಗೆ ತೋರಿಸಿ. ಕೈಯುಗುರು ತಿಂಗಳಿಗೆ ಬೆಳೆಯುವುದು ಸುಮಾರು 3 ಮಿ.ಮೀ. ಮಾತ್ರ, ತೆಳುವಾದದ್ದು ಪೂರ್ತಿ ಹೊಸದಾಗಲು ಸುಮಾರು 6 ತಿಂಗಳು ಹಿಡಿಯುತ್ತದೆ.

— ಓದುಗರು, ಹಾಸನ