ಎಲ್ಲ ಆರ್ಡರಿಗೂ ಹೈಕೋರ್ಟ್ ಮೆಟ್ಟಿಲು ಹತ್ತಬೇಡ

ಚಿ. ಸುಮಾಳಿಗೆ ದೊಡ್ಡಪ್ಪನ ಆಶೀರ್ವಾದಗಳು.

ನೀನು ವಾಟ್ಸಾಪಿನಲ್ಲಿ ಕಳಿಸಿದ ಫ್ಯಾಮಿಲಿ ಕೋರ್ಟಿನ ಆರ್ಡರ್ ಶೀಟ್ ಓದಿದೆ. ನಿಮ್ಮ ವಕೀಲರು ಗೈರು, ಹಾಗಾಗಿ ಪಾಟೀಸವಾಲು (ಎದುರು ಪಕ್ಷದ ಸಾಕ್ಷಿಗೆ ಹಾಕುವ ಪ್ರಶ್ನೆಗಳು) ಇಲ್ಲ ಅಂತ ಬರೆದುಕೊಂಡು ನಿನ್ನ ಗಂಡನ ಸಾಕ್ಷಿ ಮುಗಿಸಿದ್ದಾರೆ. ಸಿಟ್ಟು ಬರೋದು ಸಹಜವೇ. ಆದರೆ ನಾಳೆಯೇ ಅಪೀಲು ಹಾಕಿಸ್ತೀನಿ ಅಂದಿದ್ದೀಯಲ್ಲ, ಸ್ವಲ್ಪ ತಡಿ. ಶಿರಸ್ತೇದಾರನಾಗಿ ಕೋರ್ಟಿನಲ್ಲೇ ತಲೆ ನರೆತವನು ಹೇಳ್ತಿದ್ದೀನಿ.

ಇದಕ್ಕೆ ಅಪೀಲೇ ಇಲ್ಲ ಮಗಳೇ. 1984ರ ಕುಟುಂಬ ನ್ಯಾಯಾಲಯ ಕಾಯ್ದೆಯ 19ನೇ ಕಲಂ ನೋಡು. ಕೊನೆಯ ತೀರ್ಪಿಗೆ 30 ದಿನದೊಳಗೆ ಹೈಕೋರ್ಟಿಗೆ ಹೋಗಬಹುದು, ಕೇಸಿನ ನಡುವೆ ಮಾಡುವ ಇಂಥ ಮಧ್ಯಂತರ ಆದೇಶಕ್ಕೆ ಆಗಲ್ಲ. ಅದಕ್ಕೆ ಉಳಿಯೋದು ಸಂವಿಧಾನದ 227ನೇ ವಿಧಿಯ ರಿಟ್, ಅಂದರೆ ಕೆಳಗಿನ ಕೋರ್ಟಿನ ಮೇಲೆ ನಿಗಾ ಇಡಿ ಅಂತ ಹೈಕೋರ್ಟಿಗೆ ಹಾಕುವ ಅರ್ಜಿ. ಅಲ್ಲಿ ಕೆಳಗಿನ ಕೋರ್ಟ್ ಅಧಿಕಾರ ಮೀರಿತಾ, ಎದ್ದು ಕಾಣುವ ಅನ್ಯಾಯ ಆಯ್ತಾ ಅಂತ ನೋಡ್ತಾರೆ. ಆದೇಶ ಇನ್ನೊಂದು ಥರ ಇರಬಹುದಿತ್ತು ಅನ್ನೋ ಕಾರಣಕ್ಕೆ ಕೈ ಹಾಕಲ್ಲ.

ನಿನ್ನ ಕೆಲಸ ಅದೇ ಕೋರ್ಟಿನಲ್ಲಿ ಆಗಬಹುದು. ಸಾಕ್ಷಿಯನ್ನು ಮತ್ತೆ ಕರೆಸಿ ಅಂತ ಸಿವಿಲ್ ಪ್ರಕ್ರಿಯಾ ಸಂಹಿತೆಯ 18ನೇ ಆದೇಶ 17ನೇ ನಿಯಮ, ಜೊತೆಗೆ 151ನೇ ಕಲಂ ಹಿಡಿದು ಒಂದು ಐಎ (ಮಧ್ಯಂತರ ಅರ್ಜಿ) ಹಾಕಿಸು. ಕೇಸು ವಾದಕ್ಕೆ ಬರುವ ಮೊದಲೇ ಹಾಕಿಸು. ವಕೀಲರು ಅವತ್ತು ಯಾಕೆ ಬರಲಿಲ್ಲ ಅಂತ ಅಫಿಡವಿಟ್ಟಿನಲ್ಲಿ ಬಿಡಿಸಿ ಬರೆಯಲಿ. ಬೇರೆ ಕೋರ್ಟಿನಲ್ಲಿದ್ದರೆ ಆ ಕೇಸಿನ ನಂಬರ್ ಹಾಕಲಿ. ಸುಮ್ನೆ ‘ಅನಿವಾರ್ಯ ಕಾರಣ’ ಅಂತ ಬರೆದ ಅಫಿಡವಿಟ್ಟುಗಳ ಗತಿ ನಾನು ಬೇಕಾದಷ್ಟು ನೋಡಿದ್ದೇನೆ. ದಂಡ ಕಟ್ಟು ಅಂದರೆ ಗೊಣಗದೆ ಕಟ್ಟು. ಪ್ರಶ್ನೆಗಳು ತಯಾರಿವೆ, ಒಂದೇ ವಾಯಿದೆಯಲ್ಲಿ ಮುಗಿಸ್ತೀವಿ ಅಂತ ವಕೀಲರು ಹೇಳಲಿ, ಹೇಳಿದಂತೆ ಮುಗಿಸಲಿ. ಅರ್ಜಿ ವಜಾ ಆದರೆ ಆಗ ರಿಟ್ ಯೋಚಿಸೋಣ. ರಿಟ್ ಹಾಕಿದ ಮಾತ್ರಕ್ಕೆ ಕೆಳಗಿನ ಕೇಸು ನಿಲ್ಲಲ್ಲ, ತಡೆಯಾಜ್ಞೆ ಸಿಗಬೇಕು. ಅಲ್ಲಿಯವರೆಗೆ ಒಂದು ವಾಯಿದೆಯನ್ನೂ ತಪ್ಪಿಸಬೇಡ.

ನೀನು ಕೊನೆಗೆ ಎರಡೇ ಸಾಲಿನಲ್ಲಿ ಬರೆದಿದ್ದೀಯಲ್ಲ, ಮಧ್ಯಂತರ ಜೀವನಾಂಶದ ವಿಷಯ, ನನ್ನ ಲೆಕ್ಕದಲ್ಲಿ ಅದೇ ದೊಡ್ಡದು. ಮೊತ್ತ ಕಮ್ಮಿ ಆಯ್ತು ಅನ್ನೋದೊಂದನ್ನೇ ಹಿಡಿದು ಮೇಲೆ ಹೋದರೆ ಖರ್ಚೇ ಜಾಸ್ತಿ. ಆದರೆ ಆದೇಶದ ದಿನದಿಂದ ಕೊಡಿ ಅಂದಿದ್ದಾರೆ, ಅವನ ಆಸ್ತಿ ಮತ್ತು ಸಾಲದ ಅಫಿಡವಿಟ್ಟನ್ನೂ ತರಿಸಿಕೊಂಡಿಲ್ಲ. 2020ರಲ್ಲಿ ಸುಪ್ರೀಂ ಕೋರ್ಟ್ ರಜನೇಶ್ ವಿರುದ್ಧ ನೇಹಾ ಪ್ರಕರಣದಲ್ಲಿ ಎರಡನ್ನೂ ಸ್ಪಷ್ಟವಾಗಿ ಹೇಳಿದೆ: ಇಬ್ಬರೂ ಆ ಅಫಿಡವಿಟ್ ಕೊಡಬೇಕು, ಜೀವನಾಂಶ ಅರ್ಜಿ ಹಾಕಿದ ದಿನದಿಂದ ಸಿಗಬೇಕು. ರಿಟ್ ಹಾಕೋದಿದ್ದರೆ ಇದಕ್ಕೆ ಹಾಕು. ಕಾಸು ಅಲ್ಲಿಗೆ ಉಳಿಸು. ಈ ರಿಟ್ಟಿಗೆ 30 ದಿನದ ಗಡುವಿಲ್ಲ, ಹಾಗಂತ ತಿಂಗಳುಗಟ್ಟಲೆ ಕೂತರೆ ಯಾಕೆ ತಡ ಅಂತ ಕೇಳೇ ಕೇಳ್ತಾರೆ.

ಉಳಿದ ಸಣ್ಣಪುಟ್ಟ ಆದೇಶಗಳನ್ನು ಒಂದು ಕಡೆ ಬರೆದಿಟ್ಟುಕೋ. ಕೊನೆಯ ತೀರ್ಪಿನ ಮೇಲೆ ಅಪೀಲು ಹೋದಾಗ ಅವನ್ನೂ ಎತ್ತಬಹುದು.

ಇನ್ನೊಂದು. ಮೀಡಿಯೇಶನ್ನಿಗೆ (ರಾಜಿ ಮಾತುಕತೆಗೆ) ಕಳಿಸ್ತಾರಂತಲ್ಲ. ಅಲ್ಲಿ ಇಬ್ಬರೂ ಒಪ್ಪಿ ಆದೇಶವಾದರೆ ಅದರ ಮೇಲೆ ಅಪೀಲಿಲ್ಲ. ಸಹಿ ಹಾಕುವ ಮುಂಚೆ ಪ್ರತಿ ಪುಟದ ಫೋಟೋ ನನಗೆ ಕಳಿಸು. ಎರಡೂ ಆದೇಶಗಳ ಸರ್ಟಿಫೈಡ್ ಕಾಪಿಗೆ ನಾಳೆಯೇ ಅರ್ಜಿ ಹಾಕು.

ಇಂತಿ,
ನಿನ್ನ ದೊಡ್ಡಪ್ಪ
ಶಿವಮೊಗ್ಗ