ಮೋಟಾರ್ ಉಳಿಸಿಕೊಟ್ಟ ಅಣ್ಣನಿಗೆ

ಹಳೇ ಕಾರಿನ ಪವರ್ ವಿಂಡೋ (ಸ್ವಿಚ್ ಒತ್ತಿದರೆ ಏರಿಳಿಯುವ ಕಿಟಕಿ ಗಾಜು) ನಿಂತರೆ ಮೋಟಾರ್ ಬದಲಿಸಿ ಅನ್ನೋರೇ ಜಾಸ್ತಿ. ಬೆಂಗಳೂರಿನ ಜೆ.ಸಿ. ರಸ್ತೆಯಲ್ಲಿ ನೀವು ಮೊದಲು ವೋಲ್ಟ್ ಅಳೆಯುವ ಮೀಟರ್ ತೆಗೆದಿರಿ. ಮೋಟಾರಿನ ಕನೆಕ್ಟರ್ ಕಳಚಿದಾಗ 12 ವೋಲ್ಟ್, ಸಿಕ್ಕಿಸಿ ಸ್ವಿಚ್ ಒತ್ತಿದರೆ ಬರೀ 7! ಅಂದರೆ ಕರೆಂಟ್ ಬರುವ ದಾರಿಯಲ್ಲೇ ಎಲ್ಲೋ ತೊಂದರೆ. ಕಳಚಿ ಮಾತ್ರ ನೋಡಿದ್ದರೆ ಪಾಪ ಮೋಟಾರಿನ ಮೇಲೇ ತಪ್ಪು ಬೀಳುತ್ತಿತ್ತು. ಬಾಗಿಲಿನ ಕೀಲಿನ ಬಳಿ ರಬ್ಬರ್ ಕೊಳವೆ ಸರಿಸಿದಿರಿ. ವೈರಿನ ಮೇಲ್ಹೊದಿಕೆ ನೆಟ್ಟಗಿತ್ತು, ಒಳಗೆ ಹಸಿರುಗಟ್ಟಿದ ಎರಡೇ ತಾಮ್ರದ ಎಳೆ ಉಳಿದಿದ್ದವು. ಬಾಗಿಲು ತೆರೆದು ಮುಚ್ಚಿ ಮಾಡಿ ಮಿಕ್ಕವು ತುಂಡಾಗಿದ್ದವು. ಟೇಪ್ ಸುತ್ತಿ ಕೈತೊಳೆಯದೆ, ಅಷ್ಟೇ ದಪ್ಪದ ವೈರ್ ಜೋಡಿಸಿ, ವೈರ್ ಮಡಚುವ ಜಾಗದಿಂದ ಆಚೆ ಬರುವಂತೆ ಬೆಸುಗೆ ಹಾಕಿ, ಹೀಟ್ ಶ್ರಿಂಕ್ (ಬಿಸಿ ಮಾಡಿದರೆ ಬಿಗಿಯಾಗುವ ಕೊಳವೆ) ಏರಿಸಿದಿರಿ. ಗಾಜಿನ ರಬ್ಬರಿಗೆ ಗ್ರೀಸ್ ಬೇಡ, ಧೂಳು ಹಿಡಿಯುತ್ತೆ, ಸಿಲಿಕೋನ್ ಸ್ಪ್ರೇ ಸಾಕು ಅಂದಿರಿ. ಹೆಸರು ಕೇಳುವಷ್ಟರಲ್ಲಿ ಮುಂದಿನ ಕಾರಿನ ಹತ್ತಿರ ಹೋಗಿದ್ದಿರಿ. ತುಂಬಾ ಉಪಕಾರವಾಯಿತು ಅಣ್ಣ.